ಫ್ರಾನ್ಸ್ವಾ ವಿಯೋಂ

ಫ್ರಾನ್ಸ್ವಾ ವಿಯೋಂ (ಜನನ: ಸು. 1431, ಪ್ಯಾರಿಸ್, 1463ರ ಜನವರಿಯ ಅನಂತರ ಅಜ್ಞಾತ) ಮಧ್ಯಯುಗದ ಕೊನೆಯ ಘಟ್ಟಕ್ಕೆ ಸೇರಿದ ಫ್ರೆಂಚ್ ಕವಿ. ಪ್ಯಾರಿಸ್ ವಿಶ್ವವಿದ್ಯಾಲಯದ ಪದವೀಧರನಾಗಿದ್ದ ಈತ ಕೊಲೆ, ಕಳ್ಳತನ ಮತ್ತು ಬೀದಿಜಗಳದ ಪ್ರಕರಣಗಳಲ್ಲಿ ಸಿಲುಕಿ ಹಲವು ಬಾರಿ ಸೆರೆವಾಸ ಅನುಭವಿಸಿದನು. ಒಮ್ಮೆ ಗಲ್ಲುಶಿಕ್ಷೆಗೂ ಗುರಿಯಾದನು. ಈತನ ಉಪಲಬ್ಧ ಕಾವ್ಯವೆಲ್ಲ ಸೇರಿದರೂ ಸುಮಾರು ಮೂರು ಸಾವಿರ ಸಾಲುಗಳಷ್ಟೇ. ಆದರೂ ಹದಿನೈದನೆಯ ಶತಮಾನದ ಫ್ರೆಂಚ್ ಕವಿಗಳಲ್ಲಿ ಇಂದಿಗೂ ವಿದ್ವಾಂಸರಲ್ಲದವರು ಓದುವ, ಹಾಡುವ ಮತ್ತು ಅನುವಾದಿಸುವ ಕವಿ ಮುಖ್ಯವಾಗಿ ಈತನೊಬ್ಬನೇ. ಇಂಗ್ಲಿಷ್ ಉಚ್ಚಾರಣೆಯನ್ನು ಅನುಸರಿಸಿ ಈತನ ಹೆಸರನ್ನು ‘ವಿಲ್ಲನ್’ ಎಂದು ಓದುವುದುಂಟು. ಆದರೆ ಕವಿ ತನ್ನ ಹೆಸರಿಗೆ ಕೂಡಿಸಿರುವ ಪ್ರಾಸಗಳು ‘ವಿಯೋಂ’ ಎಂಬ ಉಚ್ಚಾರಣೆಯನ್ನೇ ಸೂಚಿಸುತ್ತವೆ. ಖಳನಾಯಕ ಎಂಬರ್ಥದ ಇಂಗ್ಲಿಷ್ ಪದಕ್ಕೂ ಈ ಹೆಸರಿಗೂ ಸಂಬಂಧವಿಲ್ಲ.

ಹುಟ್ಟು ಮತ್ತು ಶಿಕ್ಷಣ

ಸಮಕಾಲೀನ ದಾಖಲೆಗಳಲ್ಲಿ ಕವಿಯ ಹೆಸರು ಫ್ರಾನ್ಸ್ವಾ ದ ಮೊಂಕೊರ್ಬಿಯೆ ಎಂದೂ ಫ್ರಾನ್ಸ್ವಾ ದೆ ಲೋಜ್ ಎಂದೂ ಕಂಡುಬರುತ್ತದೆ. ತಂದೆ ಬಡವನಾಗಿದ್ದನೆಂದು ಕವಿಯೇ ಹೇಳಿಕೊಂಡಿದ್ದಾನೆ. ತಾಯಿ ಓದುಬರಹ ಅರಿಯದ ಬಡ ಹೆಂಗಸು. ಬಾಲಕನನ್ನು ಸಾಕಿ ಓದಿಸಿದವನು ಪ್ಯಾರಿಸ್ಸಿನ ಸೇಂಟ್ ಬೆನ್ವಾ ಚರ್ಚಿನ ಪಾದ್ರಿ ಗಿಯೋಮ್ ದ ವಿಯೋಂ. ಚರ್ಚಿನ ಕಾನೂನನ್ನು ಬೋಧಿಸುತ್ತಿದ್ದ ಈ ಸಾಕುತಂದೆಯ ಹೆಸರನ್ನೇ ಕವಿ ತನ್ನದಾಗಿಸಿಕೊಂಡನು. ತನಗೆ ತಾಯಿಗಿಂತಲೂ ಹೆಚ್ಚಿನವನಾಗಿದ್ದನೆಂದು ಕೃತಜ್ಞತೆಯಿಂದ ಅವನನ್ನು ನೆನೆದಿದ್ದಾನೆ.

ಕವಿ ಹುಟ್ಟಿದ 1431 ರುವಾನ್ ನಗರದಲ್ಲಿ ಜೋನ್ ಆಫ್ ಆರ್ಕ್‌ಳನ್ನು ಸುಟ್ಟ ವರ್ಷ. ಆಗ ಪ್ಯಾರಿಸ್ ಇಂಗ್ಲಿಷರ ವಶದಲ್ಲಿತ್ತು. 1436ರಲ್ಲಿ ನಗರ ಫ್ರೆಂಚ್ ರಾಜನ ಕೈಗೆ ಮರಳಿದರೂ ನೂರು ವರ್ಷಗಳ ಯುದ್ಧ ಮುಗಿದದ್ದು 1453ರಲ್ಲಿ. ವಿಯೋಂ 1449ರಲ್ಲಿ ಬ್ಯಾಚುಲರ್ ಪದವಿಯನ್ನೂ 1452ರಲ್ಲಿ ಮಾಸ್ಟರ್ ಆಫ್ ಆರ್ಟ್ಸ್ ಪದವಿಯನ್ನೂ ಪಡೆದನು. ಚರ್ಚಿನಲ್ಲೋ ಆಡಳಿತದಲ್ಲೋ ಒಂದು ಹುದ್ದೆ ಹಿಡಿಯಲು ಈ ಓದು ಸಾಕಾಗಿತ್ತು, ಆತ ಹಿಡಿಯಲಿಲ್ಲ. ಹುಡುಗಾಟದ ವಯಸ್ಸಿನಲ್ಲಿ ಮನಸ್ಸಿಟ್ಟು ಓದಿದ್ದರೆ ತನಗೂ ಒಂದು ಮನೆ, ಮೆತ್ತನೆಯ ಹಾಸಿಗೆ ಇರುತ್ತಿತ್ತೆಂದು ಮುಂದೆ ಆತ ಬರೆದಿರುವ ಪಶ್ಚಾತ್ತಾಪದ ಪದ್ಯ ಫ್ರಾನ್ಸಿನಲ್ಲಿ ಪ್ರಸಿದ್ಧವಾಗಿದೆ.

ನ್ಯಾಯಾಲಯದ ದಾಖಲೆಗಳಲ್ಲಿ ವಿಯೋಂ

ವಿಯೋಂನ ಬದುಕಿನ ಬಗೆಗೆ ತಿಳಿದಿರುವುದರಲ್ಲಿ ಬಹುಪಾಲು ಎರಡು ಮೂಲಗಳಿಂದ ಬಂದದ್ದು: ಆತನ ಕವಿತೆಗಳು ಮತ್ತು ಅಪರಾಧ ಪ್ರಕರಣಗಳ ಕಾಗದಪತ್ರಗಳು. ಇವೆರಡೂ ಒಂದೇ ಕಥೆಯನ್ನು ಹೇಳುವುದಿಲ್ಲ.

1455ರ ಜೂನ್ 5ರ ಸಂಜೆ ಸೇಂಟ್ ಬೆನ್ವಾ ಚರ್ಚಿನ ಬಳಿ ಫಿಲಿಪ್ ಸೆರ್ಮ್ವಾಜ್ ಎಂಬ ಪಾದ್ರಿಯೊಡನೆ ಈತನಿಗೆ ಜಗಳವಾಯಿತು. ಪಾದ್ರಿ ಕಠಾರಿಯಿಂದ ಈತನ ತುಟಿಯನ್ನು ಸೀಳಿದನು. ಈತ ಪಾದ್ರಿಯನ್ನು ಇರಿದು ಕಲ್ಲೆಸೆದನು. ಗಾಯಕ್ಕೆ ಔಷಧ ಹಾಕಿದ ಕ್ಷೌರಿಕ ವೈದ್ಯನಿಗೆ ‘ಮಿಶೆಲ್ ಮುತೋಂ’ ಎಂಬ ಸುಳ್ಳು ಹೆಸರು ಕೊಟ್ಟು ತಪ್ಪಿಸಿಕೊಂಡನು. ಪಾದ್ರಿ ಸತ್ತನು. 1456ರ ಜನವರಿಯಲ್ಲಿ ರಾಜನ ಕ್ಷಮಾಪತ್ರ ದೊರೆಯಿತು. ಎರಡು ಬೇರೆ ಬೇರೆ ಹೆಸರುಗಳಿಗೆ ಎರಡು ಕ್ಷಮಾಪತ್ರಗಳು ಹೊರಟಿರುವುದು ಕುತೂಹಲಕರ. ಆತ್ಮರಕ್ಷಣೆಯ ಕಥನ ಈ ಪತ್ರಗಳಲ್ಲಿರುವುದೇ. ಅವು ಕ್ಷಮೆ ಬೇಡಿದವನ ಹೇಳಿಕೆಯನ್ನು ಆಧರಿಸಿ ಬರೆದವೆಂಬುದನ್ನು ಮರೆಯುವಂತಿಲ್ಲ.

ಅದೇ ವರ್ಷದ ಕ್ರಿಸ್ಮಸ್ ಹೊತ್ತಿಗೆ ನವಾರ್ ಕಾಲೇಜಿನ ಪೆಟ್ಟಿಗೆಯಿಂದ 500 ಚಿನ್ನದ ನಾಣ್ಯಗಳು ಕಳುವಾದವು. ಕಳ್ಳತನ ಬೆಳಕಿಗೆ ಬಂದದ್ದು 1457ರ ಮಾರ್ಚಿನಲ್ಲಿ. ಗುಂಪಿನಲ್ಲಿದ್ದ ಗೀ ತಬಾರಿ 1458ರಲ್ಲಿ ಸಿಕ್ಕಿಬಿದ್ದು ಚಿತ್ರಹಿಂಸೆಯಲ್ಲಿ ಬಾಯಿಬಿಟ್ಟಾಗ ವಿಯೋಂನ ಹೆಸರು ಹೊರಬಂದಿತು. ಇಲ್ಲಿ ಕವಿತೆಯನ್ನೂ ತಪ್ಪೊಪ್ಪಿಗೆಯನ್ನೂ ಅಕ್ಕಪಕ್ಕ ಇಟ್ಟು ಓದಬೇಕು. ಆ ಕ್ರಿಸ್ಮಸ್ ಸಮಯದ ತನ್ನ ಕವಿತೆಯಲ್ಲಿ ವಿಯೋಂ, ನಿಷ್ಕರುಣ ಪ್ರೇಯಸಿಯಿಂದ ನೊಂದು ಆಂಜೆ ನಗರಕ್ಕೆ ಹೊರಟಿರುವುದಾಗಿ ಹೇಳುತ್ತಾನೆ. ತಬಾರಿಯ ಹೇಳಿಕೆಯಂತೆ ಆತ ಆಂಜೆಗೆ ಹೋದದ್ದು ಅಲ್ಲಿನ ಹಣವಂತ ಸಂನ್ಯಾಸಿಯೊಬ್ಬನ ಮನೆಯನ್ನು ಮುಂದಿನ ಕಳ್ಳತನಕ್ಕಾಗಿ ನೋಡಿಕೊಂಡು ಬರಲು.

ಅಲೆದಾಟದ ಈ ವರ್ಷಗಳಲ್ಲಿ ವಿಯೋಂ ಬ್ಲ್ವಾದಲ್ಲಿದ್ದ ಷಾರ್ಲ್ ದೋರ್ಲಿಯಾಂನ ಆಸ್ಥಾನಕ್ಕೂ ಹೋಗಿದ್ದನು. ಇಂಗ್ಲೆಂಡಿನಲ್ಲಿ 25 ವರ್ಷ ಸೆರೆಯಲ್ಲಿದ್ದು ಬಂದ ಆ ದೊರೆ ಸ್ವತಃ ದೊಡ್ಡ ಕವಿ. ಆತನ ಹಸ್ತಪ್ರತಿಯಲ್ಲಿ ವಿಯೋಂನ ಪದ್ಯಗಳೂ ಸೇರಿವೆ. ಆಸ್ಥಾನದ ಆಶ್ರಯ ಉಳಿಯಲಿಲ್ಲ. 1461ರ ಬೇಸಿಗೆಯನ್ನು ಈತ ಓರ್ಲಿಯಾಂನ ಬಿಷಪ್ ತಿಬೊ ದೋಸಿನ್ಯಿಯ ಅಪ್ಪಣೆಯಂತೆ ಮಂ-ಸ್ಯುರ್-ಲ್ವಾರ್‌ನ ಸೆರೆಮನೆಯಲ್ಲಿ ರೊಟ್ಟಿ ನೀರುಗಳ ಮೇಲೆ ಕಳೆದನು. ಹೊಸದಾಗಿ ಪಟ್ಟಕ್ಕೆ ಬಂದ 11ನೆಯ ಲೂಯಿ ಆ ವರ್ಷದ ಅಕ್ಟೋಬರಿನಲ್ಲಿ ಆ ಊರಿನ ಮೂಲಕ ಹಾದುಹೋದಾಗ ಕೈದಿಗಳಿಗೆ ಬಿಡುಗಡೆಯಾಯಿತು.

1462ರ ನವೆಂಬರಿನಲ್ಲಿ ಮತ್ತೊಂದು ಕಳ್ಳತನದ ಆರೋಪದ ಮೇಲೆ ಪ್ಯಾರಿಸ್ಸಿನ ಶಾತ್ಲೆ ಸೆರೆಮನೆ ಸೇರಿದಾಗ ನವಾರ್ ಪ್ರಕರಣವೂ ಮೇಲೆದ್ದಿತು. ತನ್ನ ಪಾಲಿನ 120 ನಾಣ್ಯಗಳನ್ನು ಹಿಂದಿರುಗಿಸುವ ವಾಗ್ದಾನ ಕೊಟ್ಟು ಹೊರಬಂದನು. ಕೆಲವೇ ದಿನಗಳಲ್ಲಿ ನೋಟರಿ ಫೆರ್ಬೂಕ್ ಎಂಬವನ ಮನೆಯೆದುರು ನಡೆದ ಬೀದಿಜಗಳದಲ್ಲಿ ಆ ನೋಟರಿಗೆ ಇರಿತವಾಯಿತು. ಇರಿದವನು ಬೇರೊಬ್ಬನಾದರೂ ಹಳೆಯ ದಾಖಲೆಯಿದ್ದ ವಿಯೋಂಗೆ ಗಲ್ಲುಶಿಕ್ಷೆ ವಿಧಿಸಲಾಯಿತು. ಆತ ಪಾರ್ಲ್‌ಮಾ ಎಂಬ ಉಚ್ಚ ನ್ಯಾಯಾಲಯಕ್ಕೆ ಮೇಲ್ಮನವಿ ಸಲ್ಲಿಸಿದನು. 1463ರ ಜನವರಿ 5ರಂದು ನ್ಯಾಯಾಲಯ ಗಲ್ಲನ್ನು ರದ್ದುಗೊಳಿಸಿ ಹತ್ತು ವರ್ಷ ಪ್ಯಾರಿಸ್ಸಿನಿಂದ ಗಡೀಪಾರು ಮಾಡಿತು. ವಿಯೋಂನ ಬಗೆಗಿನ ನಂಬಲರ್ಹ ದಾಖಲೆಗಳು ಇಲ್ಲಿಗೆ ನಿಲ್ಲುತ್ತವೆ. ಆಗ ಆತನಿಗೆ ಸುಮಾರು 32 ವರ್ಷ.

ಉಯಿಲಿನ ರೂಪದ ಕಾವ್ಯ

ವಿಯೋಂನ ಎರಡು ಮುಖ್ಯ ಕೃತಿಗಳೂ ಉಯಿಲಿನ ರೂಪದಲ್ಲಿವೆ. 1456ರ ಕೊನೆಯಲ್ಲಿ ಬರೆದ ‘ಲ ಲೇ’ (ಬಿಟ್ಟುಹೋಗುವ ಕೊಡುಗೆಗಳು) 320 ಸಾಲುಗಳ ಹಗುರ ಕವಿತೆ. ಮಂ ಸೆರೆಮನೆಯಿಂದ ಬಿಡುಗಡೆಯಾದ ಮೇಲೆ 1461-62ರಲ್ಲಿ ಬರೆದ ‘ಲ ತೆಸ್ತಾಮಾ’ (ಮರಣಶಾಸನ) ಎರಡು ಸಾವಿರ ಸಾಲುಗಳನ್ನು ಮೀರುತ್ತದೆ. ಎಂಟು ಅಕ್ಷರಘಟಕಗಳ ಎಂಟು ಸಾಲಿನ ಪದ್ಯಗಳು ಇವುಗಳ ಮೂಲ ಘಟಕ. ‘ಮರಣಶಾಸನ’ದಲ್ಲಿ ಇವುಗಳ ನಡುವೆ ‘ಬಲಾದ್’ಗಳು ಪೋಣಿಸಿಕೊಂಡಿವೆ. ಬಲಾದ್ ಎಂಬುದನ್ನು ಕಥನಗೀತೆ ಅಥವಾ ಲಾವಣಿ ಎಂದು ತಿಳಿಯಬಾರದು. ಅದು ಒಂದೇ ಪ್ರಾಸಗಳ ಮೇಲೆ ನಿಂತ ಮೂರು ಪದ್ಯಗಳು, ಕೊನೆಗೊಂದು ಕಿರುಪದ್ಯ, ಪ್ರತಿ ಪದ್ಯದ ತುದಿಗೂ ಅದೇ ಪಲ್ಲವಿ ಇರುವ ಕಟ್ಟುನಿಟ್ಟಾದ ಬಂಧ.

ಹಾಸ್ಯದ ಉಯಿಲು ವಿಯೋಂನ ಆವಿಷ್ಕಾರವಲ್ಲ. ಅದು ಮಧ್ಯಯುಗದಲ್ಲಿ ಬಳಕೆಯಲ್ಲಿದ್ದ ಪ್ರಕಾರ. ಏನೂ ಇಲ್ಲದವನೊಬ್ಬ ಗಂಭೀರವಾದ ಕಾನೂನಿನ ಭಾಷೆಯಲ್ಲಿ ಆಸ್ತಿ ಹಂಚುವುದು ಅದರ ವಿನೋದ. ಕ್ಷೌರಿಕನಿಗೆ ತನ್ನ ಕತ್ತರಿಸಿದ ಕೂದಲು, ಚಪ್ಪಲಿ ಹೊಲಿಯುವವನಿಗೆ ಹಳೆಯ ಜೋಡು, ಒಬ್ಬ ಗೆಳೆಯನಿಗೆ ಗಿರವಿಯಲ್ಲಿರುವ ಕತ್ತಿ. ಮೂವರು ‘ಬಡ ಅನಾಥ ಮಕ್ಕಳ’ ಮೇಲೆ ಮರುಗಿ ಕವಿ ಅವರಿಗೆ ಚಿಲ್ಲರೆ ಹಣ ಬಿಡುತ್ತಾನೆ. ಆ ಮೂವರು ಪ್ಯಾರಿಸ್ಸಿನ ಸಿರಿವಂತ ಮುದಿ ಬಡ್ಡಿವ್ಯಾಪಾರಿಗಳೆಂದು ಹಳೆಯ ದಾಖಲೆಗಳಿಂದ ತಿಳಿದುಬಂದಿದೆ. ಸಮಕಾಲೀನರಿಗೆ ಹೆಸರು ಕೇಳಿದೊಡನೆ ನಗು ಬರುತ್ತಿತ್ತು; ಇಂದಿನ ಓದುಗನಿಗೆ ಟಿಪ್ಪಣಿ ಬೇಕು. 1533ರಲ್ಲಿ ವಿಯೋಂನ ಕೃತಿಗಳನ್ನು ಸಂಪಾದಿಸಿದ ಕವಿ ಕ್ಲೆಮಾಂ ಮಾರೊ, ಈ ಕೊಡುಗೆಗಳ ಚಮತ್ಕಾರ ತಿಳಿಯಬೇಕಾದರೆ ಅಂದಿನ ಪ್ಯಾರಿಸ್ಸಿನಲ್ಲಿ ಬದುಕಿರಬೇಕಿತ್ತೆಂದು ಆಗಲೇ ಹೇಳಿದ್ದಾನೆ.

ಹಾಗಾದರೆ ಉಳಿದದ್ದು ಯಾವುದು? ಉಯಿಲೆಂಬುದು ಸಾಯುವವನ ಮಾತು. ಕವಿ ಈ ರೂಪವನ್ನು ನಗುವಿಗಾಗಿ ಎತ್ತಿಕೊಂಡರೂ ‘ಮರಣಶಾಸನ’ದಲ್ಲಿ ಅದು ನಿಜವಾಗುತ್ತ ಹೋಗುತ್ತದೆ. ಸೆರೆಮನೆಯಲ್ಲಿ ಸೊರಗಿ ಹೊರಬಂದ ಮೂವತ್ತರ ಮನುಷ್ಯ ತನ್ನ ಹೆಸರಿನಲ್ಲಿ, ತನ್ನ ಊರಿನ ಹೆಸರುಳ್ಳ ಜನರನ್ನು ಕುರಿತು, ಉಳಿದಿರುವುದನ್ನು ಲೆಕ್ಕ ಹಾಕುತ್ತಾನೆ. ಮಧ್ಯಯುಗದ ಪ್ರೇಮಕವಿತೆಯ ‘ನಾನು’ ಸಾಮಾನ್ಯವಾಗಿ ಯಾರ ಬಾಯಲ್ಲೂ ಕೂರಬಲ್ಲ ‘ನಾನು’. ವಿಯೋಂನ ‘ನಾನು’ವಿಗೆ ವಯಸ್ಸಿದೆ, ಹಸಿವಿದೆ, ಸಾಲವಿದೆ, ದ್ವೇಷಿಸಲು ಒಬ್ಬ ಬಿಷಪ್ ಇದ್ದಾನೆ. ಇದು ಆತ್ಮಕಥೆಯಂತೆ ಕಾಣುವ ಕಲ್ಪನೆಯೆಂದು ಆಧುನಿಕ ವಿಮರ್ಶಕರು ಎಚ್ಚರಿಸುತ್ತಾರೆ; ಆಂಜೆಯ ಪ್ರಸಂಗವೇ ಅದಕ್ಕೆ ಸಾಕ್ಷಿ. ಓದುಗರ ಮೇಲೆ ಅದರ ಹಿಡಿತವಂತೂ ಸಡಿಲಗೊಂಡಿಲ್ಲ.

ಸಾವು ಮತ್ತು ದೇಹ

ಗತಿಸಿದ ಸುಂದರಿಯರನ್ನು ಕುರಿತ ಬಲಾದ್ ವಿಯೋಂನ ಅತ್ಯಂತ ಪ್ರಸಿದ್ಧ ಕವಿತೆ. ಪುರಾಣದ ಚೆಲುವೆಯರಿಂದ ಮೊದಲಾಗಿ ವಿದುಷಿ ಎಲೊಯೀಸ್, ರಾಣಿಯರು, ಜೋನ್ ಆಫ್ ಆರ್ಕ್ ಮೊದಲಾದವರು ಈಗ ಎಲ್ಲಿದ್ದಾರೆಂದು ಕೇಳುತ್ತ, ಪ್ರತಿ ಬಾರಿಯೂ ಕಳೆದ ಚಳಿಗಾಲದ ಹಿಮ ಎಲ್ಲಿ ಹೋಯಿತೆಂಬ ಪ್ರಶ್ನೆಗೆ ಅದು ಬಂದು ನಿಲ್ಲುತ್ತದೆ. ‘ಹಿಂದಿನವರು ಎಲ್ಲಿ?’ ಎಂಬುದು ಲ್ಯಾಟಿನ್ ಧರ್ಮೋಪದೇಶಗಳಲ್ಲಿ ಸವೆದುಹೋಗಿದ್ದ ಪ್ರಶ್ನೆ. ಉಪದೇಶಕನು ಅದಕ್ಕೆ ಉತ್ತರ ಹೇಳುತ್ತಿದ್ದನು, ವಿಯೋಂ ಹೇಳುವುದಿಲ್ಲ. ಹಿಮ ಕರಗುವಂಥದು, ಪ್ರತಿ ವರ್ಷ ಬರುವಂಥದೂ ಹೌದು. ಕವಿಯ ಪಟ್ಟಿಯಲ್ಲಿ ಒಂದು ಮೋಜಿನ ತಪ್ಪೂ ಇದೆ: ಗ್ರೀಕ್ ಸೇನಾಪತಿ ಆಲ್ಸಿಬಿಯಾಡಿಸ್‌ನ ಹೆಸರು ಮಧ್ಯಯುಗದ ಗೊಂದಲದಲ್ಲಿ ಹೆಣ್ಣಿನ ಹೆಸರಾಗಿ ಸುಂದರಿಯರ ನಡುವೆ ಸೇರಿಕೊಂಡಿದೆ.

ಇದರ ಪಕ್ಕದಲ್ಲೇ ಸಾಯುತ್ತಿರುವ ದೇಹದ ವರ್ಣನೆ ಬರುತ್ತದೆ. ಮೂಗು ಬಾಗುವುದು, ನರ ಬಿಗಿಯುವುದು, ಕೊರಳು ಊದುವುದು, ಎಲ್ಲವನ್ನೂ ಕವಿ ಹೆಸರಿಸಿ ಹೇಳುತ್ತಾನೆ. ಹಿಂದೊಮ್ಮೆ ಚೆಲುವೆಯಾಗಿದ್ದ ಮುದುಕಿಯೊಬ್ಬಳು ತನ್ನ ಬತ್ತಿದ ಅಂಗಾಂಗಗಳನ್ನು ಒಂದೊಂದಾಗಿ ನೋಡಿಕೊಂಡು ಹಲುಬುವ ಭಾಗ ನಿರ್ದಯವೂ ಹೌದು, ಕರುಣಾಪೂರ್ಣವೂ ಹೌದು. ಶಿಲ್ಪಿ ರೊದಾಂನ ಮುದುಕಿಯ ಕಂಚಿನ ಶಿಲ್ಪವೊಂದು ವಿಯೋಂನ ಈ ಪಾತ್ರದ ಹೆಸರಿನಿಂದಲೇ ಪ್ರಸಿದ್ಧವಾಗಿದೆ.

ಉಯಿಲಿನ ಕೊಡುಗೆಗಳಲ್ಲಿ ಒಂದನ್ನು ಇಲ್ಲಿ ವಿಶೇಷವಾಗಿ ಹೇಳಬೇಕು. ಪ್ಯಾರಿಸ್ಸಿನ ಮುನ್ನೂರು ಕುರುಡರ ಆಶ್ರಮಕ್ಕೆ ಕವಿ ತನ್ನ ಕನ್ನಡಕವನ್ನು ಬಿಟ್ಟುಹೋಗುತ್ತಾನೆ. ಇನ್ನೊಸಾಂ ಸ್ಮಶಾನದಲ್ಲಿ ಒಳ್ಳೆಯವರನ್ನೂ ಕೆಟ್ಟವರನ್ನೂ ಬೇರ್ಪಡಿಸಿ ನೋಡಲು ಅವರಿಗೆ ಅದು ಬೇಕಾದೀತಂತೆ. ಆ ಸ್ಮಶಾನದಲ್ಲಿ ಹಳೆಯ ಎಲುಬುಗಳನ್ನು ಅಗೆದು ಗೋಡೆಯಂಚಿನ ಅಟ್ಟಗಳಲ್ಲಿ ರಾಶಿ ಹಾಕುತ್ತಿದ್ದರು. ಕುರುಡನಿಗೆ ಕನ್ನಡಕವೆಂಬ ಒರಟು ತಮಾಷೆ ಮುಂದಿನ ಪದ್ಯಗಳಲ್ಲಿ ತಲೆಬುರುಡೆಗಳ ರಾಶಿಯೆದುರು ಬಂದು ನಿಲ್ಲುತ್ತದೆ: ಒಬ್ಬರಿಗೊಬ್ಬರು ತಲೆಬಾಗುತ್ತಿದ್ದ ಯಜಮಾನರು, ಸೇವಕರು ಎಲ್ಲರ ಬುರುಡೆಗಳೂ ಅಲ್ಲಿ ಒಟ್ಟಿಗೇ ಬಿದ್ದಿವೆ. ಕಣ್ಣಿದ್ದವನಿಗೂ ಅವನ್ನು ಬೇರ್ಪಡಿಸಲಾಗದು.

ಗಲ್ಲಿಗೇರಿದವರ ಬಲಾದ್ ಎಂದು ಈಗ ಕರೆಯಲಾಗುವ ಕವಿತೆ (ಈ ಹೆಸರು ಕವಿ ಇಟ್ಟದ್ದಲ್ಲ) ಉಯಿಲಿನ ಹೊರಗಿನದು. ಅದನ್ನು 1462ರ ಸೆರೆವಾಸದಲ್ಲಿ ಗಲ್ಲನ್ನು ಎದುರು ನೋಡುತ್ತ ಬರೆದನೆಂಬುದು ಸಾಂಪ್ರದಾಯಿಕ ನಂಬಿಕೆ, ಖಚಿತ ಆಧಾರವಿಲ್ಲ. ಅಲ್ಲಿ ಮಾತನಾಡುವವರು ನೇತಾಡುತ್ತಿರುವ ಹೆಣಗಳು. ಮಳೆ ತಮ್ಮನ್ನು ತೊಳೆದಿದೆ, ಬಿಸಿಲು ಕಪ್ಪಾಗಿಸಿದೆ, ಕಾಗೆಗಳು ಕಣ್ಣು ಕಿತ್ತಿವೆ ಎನ್ನುವ ಅವರು ದಾರಿಹೋಕರನ್ನು ಸೋದರರೆಂದು ಕರೆದು, ನಗದೆ ತಮಗಾಗಿ ಪ್ರಾರ್ಥಿಸಬೇಕೆಂದು ಬೇಡುತ್ತಾರೆ. ತಾವು ನಿರಪರಾಧಿಗಳೆಂದು ಅವರು ಹೇಳುವುದಿಲ್ಲ. ನ್ಯಾಯ ತಮ್ಮನ್ನು ಕೊಂದಿತೆಂಬುದನ್ನು ಒಪ್ಪಿಕೊಂಡೇ ಕರುಣೆಯನ್ನು ಕೇಳುತ್ತಾರೆ. ಅಪರಾಧಿಗೂ ಕರುಣೆ ಸಲ್ಲಬೇಕೆಂಬ ಈ ಕೋರಿಕೆಯೇ ಮರಣದಂಡನೆಯ ಚರ್ಚೆ ನಡೆಯುವಲ್ಲೆಲ್ಲ ಕವಿತೆಯನ್ನು ಮತ್ತೆ ಮತ್ತೆ ನೆನಪಿಸುತ್ತದೆ. ಇದೇ ಸಂದರ್ಭಕ್ಕೆ ಸೇರಿದ್ದೆನ್ನಲಾದ ನಾಲ್ಕು ಸಾಲಿನ ಚುಟುಕವೊಂದರಲ್ಲಿ ಕವಿ, ಹಗ್ಗದ ತುದಿಯಲ್ಲಿ ತನ್ನ ಕೊರಳಿಗೆ ತನ್ನ ಹಿಂಭಾಗದ ತೂಕ ತಿಳಿಯಲಿದೆಯೆಂದು ನಕ್ಕಿದ್ದಾನೆ. ಎರಡು ಕವಿತೆಗಳೂ ಒಬ್ಬನವೇ.

ತಾಯಿಯ ಪ್ರಾರ್ಥನೆ ಮತ್ತು ವೇಶ್ಯಾಗೃಹ

‘ಮರಣಶಾಸನ’ದಲ್ಲಿ ಕವಿ ತನ್ನ ಮುದಿ ತಾಯಿಗೆ ಮೇರಿ ಮಾತೆಯ ಮೇಲಿನ ಒಂದು ಪ್ರಾರ್ಥನೆಯನ್ನು ಕೊಡುಗೆಯಾಗಿ ಬಿಡುತ್ತಾನೆ. ಓದಲು ಬಾರದ ತಾಯಿ ಚರ್ಚಿನ ಗೋಡೆಯ ಚಿತ್ರಗಳನ್ನು ನೋಡಿ ಧರ್ಮ ತಿಳಿದವಳು. ವೀಣೆಯಂಥ ವಾದ್ಯಗಳಿರುವ ಸ್ವರ್ಗ ಅವಳಿಗೆ ಸಂತೋಷ ಕೊಡುತ್ತದೆ. ಪಾಪಿಗಳನ್ನು ಕುದಿಸುವ ನರಕ ಭಯ ಹುಟ್ಟಿಸುತ್ತದೆ. ಮಗನ ಜಾಣತನದ ಒಂದು ಎಳೆಯೂ ತಾಯಿಯ ದನಿಯನ್ನು ಕೆಡಿಸುವುದಿಲ್ಲ. ಅದೇ ಕೃತಿಯಲ್ಲಿ ಮುಂದೆ ಮಾರ್ಗೊ ಎಂಬ ವೇಶ್ಯೆಯೊಡನೆ ಬದುಕಿ ಅವಳ ಗಳಿಕೆಯನ್ನು ತಿನ್ನುವವನ ಬಾಯಲ್ಲಿ ಅಸಹ್ಯ ವಿವರಗಳ ಬಲಾದ್ ಬರುತ್ತದೆ. ಎರಡರಲ್ಲೂ ಕೊನೆಯ ಕಿರುಪದ್ಯದ ಸಾಲುಗಳ ಮೊದಲಕ್ಷರಗಳನ್ನು ಕೂಡಿಸಿದರೆ ‘ವಿಯೋಂ’ ಎಂಬ ಹೆಸರು ಮೂಡುತ್ತದೆ. ಪ್ರಾರ್ಥನೆಗೂ ವೇಶ್ಯಾಗೃಹಕ್ಕೂ ಕವಿ ಒಂದೇ ಸಹಿ ಹಾಕಿದ್ದಾನೆ. ಒಂದನ್ನು ಮಾತ್ರ ಆರಿಸಿ ನಿಜವಾದ ವಿಯೋಂ ಇವನೇ ಎನ್ನುವ ಸಂಕಲನಕಾರರು ಕವಿಗೆ ಅನ್ಯಾಯ ಮಾಡುತ್ತಾರೆ.

ಬಂಡಾಯದ ಸ್ವರೂಪ

ವಿಯೋಂನನ್ನು ಬಂಡಾಯದ ಕವಿಯೆಂದು ಕರೆಯುವುದು ರೂಢಿ. ಈ ಮಾತನ್ನು ಸ್ವಲ್ಪ ತೂಗಿ ನೋಡಬೇಕು. ಆತ ರಾಜಪ್ರಭುತ್ವವನ್ನು ಪ್ರಶ್ನಿಸಿದವನಲ್ಲ. ಬಿಡುಗಡೆ ಮಾಡಿದ ದೊರೆಯನ್ನು ಮನಸಾರೆ ಹರಸಿದ್ದಾನೆ. ದೇವರಲ್ಲಿ ಅವಿಶ್ವಾಸವೂ ಇಲ್ಲ. ಸಮಾಜವನ್ನು ಬದಲಿಸುವ ಯೋಜನೆಯಂತೂ ಕಾಣದು. ಬಂಡಾಯವಿರುವುದು ಯಾರು ಯಾರ ಬಗೆಗೆ ಯಾವ ದನಿಯಲ್ಲಿ ಮಾತನಾಡಬಹುದೆಂಬ ವಿಷಯದಲ್ಲಿ. ಇದಕ್ಕೆ ಅತ್ಯುತ್ತಮ ಉದಾಹರಣೆ ‘ಮರಣಶಾಸನ’ದಲ್ಲಿ ಬರುವ ಅಲೆಕ್ಸಾಂಡರ್ ಮತ್ತು ಕಡಲ್ಗಳ್ಳನ ಕಥೆ. ಸೆರೆಸಿಕ್ಕ ಕಡಲ್ಗಳ್ಳ ಚಕ್ರವರ್ತಿಗೆ, ತನಗಿರುವುದು ಒಂದೇ ಸಣ್ಣ ಹಡಗಾದ್ದರಿಂದ ತನ್ನನ್ನು ಕಳ್ಳನೆನ್ನುತ್ತಾರೆ, ನೌಕಾಪಡೆಯಿದ್ದಿದ್ದರೆ ತಾನೂ ಚಕ್ರವರ್ತಿಯೇ ಎನ್ನುತ್ತಾನೆ. ಕಥೆ ಹಳೆಯದು, ಸಂತ ಆಗಸ್ಟೀನನೂ ಹೇಳಿದ್ದಾನೆ. ಆಗಸ್ಟೀನ್ ಅದನ್ನು ರಾಜ್ಯಗಳ ಬಗೆಗಿನ ಪಾಠಕ್ಕಾಗಿ ಬಳಸಿದರೆ, ವಿಯೋಂ ತನ್ನ ಬಡತನಕ್ಕೆ ಅನ್ವಯಿಸಿಕೊಂಡು, ಅಂಥ ಒಬ್ಬ ಉದಾರಿ ಅಲೆಕ್ಸಾಂಡರ್ ತನಗೆ ಸಿಕ್ಕಿದ್ದರೆ ತಾನು ಕೆಡುತ್ತಿರಲಿಲ್ಲ ಎನ್ನುತ್ತಾನೆ. ಇದು ವಾದವೋ, ನೆಪವೋ? ಎರಡೂ ಇರಬಹುದು.

ಪಾತಕಲೋಕವನ್ನು ಆತ ವೈಭವೀಕರಿಸಿದನೆಂಬ ಆರೋಪವೂ ಪೂರ್ತಿ ನಿಲ್ಲುವುದಿಲ್ಲ. ಗೆಳೆಯರಾದ ರೆನ್ಯೆ ದ ಮೊಂತಿನ್ಯಿ 1457ರಲ್ಲೂ ಕೊಲಾಂ ದ ಕಾಯ್ಯೂ 1460ರಲ್ಲೂ ಗಲ್ಲಿಗೇರಿದರು. ದಾರಿತಪ್ಪಿದ ಹುಡುಗರಿಗೆ ಹೇಳಿದ ಬುದ್ಧಿಮಾತಿನಲ್ಲಿ ಕವಿ ಕೊಲಾಂನ ಹೆಸರನ್ನು ಎತ್ತಿ ಎಚ್ಚರಿಸಿದ್ದಾನೆ. ಕಳ್ಳರ ಗುಪ್ತಭಾಷೆಯಲ್ಲಿ ಬರೆದ 11 ಬಲಾದ್‌ಗಳು ಈತನ ಹೆಸರಿನಲ್ಲಿ ಉಳಿದಿವೆ. ‘ಕೊಕಿಯಾರ್’ ಎಂಬ ಗುಂಪಿನ ಮೇಲೆ 1455ರಲ್ಲಿ ದಿಜೋಂ ನಗರದಲ್ಲಿ ನಡೆದ ವಿಚಾರಣೆಯ ಕಾಲದಲ್ಲಿ ಬರೆದಿಟ್ಟ ಪದಪಟ್ಟಿಯಿಂದ ಇವುಗಳ ಕೆಲವು ಶಬ್ದಗಳು ಬಿಡಿಸಿಕೊಂಡಿವೆ. ಉಳಿದವು ಇನ್ನೂ ಕಗ್ಗಂಟು.

ಮರೆವು ಮತ್ತು ಮರುಪ್ರವೇಶ

ವಿಯೋಂನ ಕೃತಿಗಳನ್ನು ಮೊದಲು ಅಚ್ಚು ಹಾಕಿದವನು ಪ್ಯಾರಿಸ್ಸಿನ ಪಿಯೆರ್ ಲವೆ, 1489ರಲ್ಲಿ. ಅದರಲ್ಲಿರುವ ಮರದಚ್ಚಿನ ಚಿತ್ರವನ್ನು ಕವಿಯ ಭಾವಚಿತ್ರವೆಂದು ಈಗಲೂ ಮುದ್ರಿಸುವುದುಂಟು. ಅದು ಯಾರಿಗಾದರೂ ಒಪ್ಪುವ ಸಾಮಾನ್ಯ ಚಿತ್ರ, ಆತನ ನಿಜವಾದ ಚಿತ್ರ ಯಾವುದೂ ಇಲ್ಲ. ಮುಂದಿನ ಐವತ್ತು ವರ್ಷಗಳಲ್ಲಿ ಹಲವಾರು ಮುದ್ರಣಗಳಾದವು. ರಾಬಲೆ ತನ್ನ ಕಾದಂಬರಿಯಲ್ಲಿ ವಿಯೋಂನನ್ನು ಪಾತ್ರವಾಗಿಸಿ ಮುಪ್ಪಿನವರೆಗೂ ಬದುಕಿಸಿದನು. ಕವಿ ಕಣ್ಮರೆಯಾದ್ದರಿಂದ ದಂತಕಥೆಗೆ ಅಡ್ಡಿಯೇ ಇರಲಿಲ್ಲ. ಹದಿನಾರನೆಯ ಶತಮಾನದ ನಡುವಿನ ಅನಂತರ ರುಚಿ ಬದಲಾಯಿತು. 1674ರಲ್ಲಿ ಬ್ವಾಲೊ ತನ್ನ ಕಾವ್ಯಮೀಮಾಂಸೆಯಲ್ಲಿ ವಿಯೋಂನನ್ನು ಹೊಗಳಿದ್ದರೂ ಹೊಸ ಮುದ್ರಣ ಬಂದದ್ದು 1723ರಲ್ಲಿ.

ಹತ್ತೊಂಬತ್ತನೆಯ ಶತಮಾನದ ರಮ್ಯ ಲೇಖಕರಿಗೆ ವಿಯೋಂ ಹೇಳಿ ಮಾಡಿಸಿದಂತಿದ್ದನು. ತೆಯೊಫೀಲ್ ಗೋತಿಯೆ ಈತನ ಮೇಲೆ ಬರೆದ ಲೇಖನ ಹೊಸ ಓದುಗರನ್ನು ತಂದಿತು. 1870ರಲ್ಲಿ ಶಾಲಾಬಾಲಕ ಆರ್ತ್ಯೂರ್ ರ್‍ಯಾಂಬೊ, ವಿಯೋಂನನ್ನು ಗಲ್ಲಿನಿಂದ ಉಳಿಸೆಂದು ಷಾರ್ಲ್ ದೋರ್ಲಿಯಾಂ 11ನೆಯ ಲೂಯಿಗೆ ಬರೆದಂತೆ ಒಂದು ಕಾಲ್ಪನಿಕ ಪತ್ರವನ್ನು ತರಗತಿಯ ಅಭ್ಯಾಸವಾಗಿ ರಚಿಸಿದನು. ಇದೇ ಕಾಲದಲ್ಲಿ ವಿದ್ವಾಂಸ ಒಗ್ಯೂಸ್ತ್ ಲೊನ್ಯೋಂ ಪತ್ರಾಗಾರಗಳಲ್ಲಿ ಹುಡುಕಿ 1877ರಲ್ಲಿ ತನ್ನ ಜೀವನಚರಿತ್ರಾತ್ಮಕ ಅಧ್ಯಯನವನ್ನು ಪ್ರಕಟಿಸಿದನು. ಮಾರ್ಸೆಲ್ ಷ್ವೋಬ್ ಕಳ್ಳರ ಭಾಷೆಯ ಬೆನ್ನುಹತ್ತಿದನು. ಪಿಯೆರ್ ಷಾಂಪಿಯೋಂನ ಎರಡು ಸಂಪುಟಗಳ ಗ್ರಂಥ 1913ರಲ್ಲಿ ಬಂದಿತು. ದಾಖಲೆಗಳು ದಂತಕಥೆಯನ್ನು ಕರಗಿಸುತ್ತವೆಂದು ನಿರೀಕ್ಷಿಸಬಹುದಿತ್ತು. ನಿಜವಾದ ಕಳ್ಳತನದ ನಿಜವಾದ ಮೊತ್ತ ಸಿಕ್ಕಿದ್ದರಿಂದ ಅದು ಮತ್ತಷ್ಟು ಬೆಳೆಯಿತು.

ಎಲ್ಲರೂ ಮರುಳಾದರೆಂದಲ್ಲ. ರಾಬರ್ಟ್ ಲೂಯಿ ಸ್ಟೀವನ್ಸನ್ 1877ರಲ್ಲಿ ವಿಯೋಂನ ಮೇಲೆ ಒಂದು ಪ್ರಬಂಧವನ್ನೂ ಒಂದು ಸಣ್ಣಕಥೆಯನ್ನೂ ಬರೆದನು. ಪ್ರಬಂಧದಲ್ಲಿ ಕವಿಯ ಪ್ರತಿಭೆಯನ್ನು ಒಪ್ಪಿಕೊಂಡು ಮನುಷ್ಯನನ್ನು ಕಟುವಾಗಿ ಖಂಡಿಸಿದನು. ಬಡತನವನ್ನು ವಿಯೋಂ ಧೈರ್ಯದಿಂದಲ್ಲ, ಗೋಳಾಟದಿಂದ ಎದುರಿಸಿದನೆಂಬುದು ಆತನ ದೂರು. ಹಸಿದವನ ಗೋಳು ಅಷ್ಟು ನೇರವಾಗಿ ಕಾವ್ಯಕ್ಕೆ ಬಂದದ್ದೇ ಹೊಸತೆಂದು ಇತರ ಓದುಗರಿಗೆ ತೋರಿದೆ.

ಅನುವಾದ, ಸಂಗೀತ, ರಂಗಭೂಮಿ

ಫ್ರಾನ್ಸಿನಲ್ಲಿ ದೆಬುಸಿ 1910ರಲ್ಲಿ ವಿಯೋಂನ ಮೂರು ಬಲಾದ್‌ಗಳಿಗೆ ಸಂಗೀತ ಸಂಯೋಜಿಸಿದನು. ಸುಂದರಿಯರ ಬಲಾದನ್ನು ಗಾಯಕ ಜಾರ್ಜ್ ಬ್ರಾಸೆನ್ಸ್ 1950ರ ದಶಕದಲ್ಲಿ ಗಿಟಾರಿನೊಡನೆ ಹಾಡಿ ಮನೆಮಾತಾಗಿಸಿದನು. ಎಜ್ರಾ ಪೌಂಡ್ ‘ಮರಣಶಾಸನ’ವನ್ನು ಆಧರಿಸಿ ಒಂದು ಆಪೆರಾ ರಚಿಸಿದನು. ರಷ್ಯದಲ್ಲಿ ಮಾಂಡೆಲ್‌ಸ್ತಾಮ್ ಎಳೆಯ ವಯಸ್ಸಿನಲ್ಲೇ ವಿಯೋಂನ ಮೇಲೆ ಪ್ರಬಂಧ ಬರೆದನು. ಸೋವಿಯತ್ ಕಾಲದಲ್ಲಿ ಬುಲಾತ್ ಒಕುದ್ಜಾವ ವಿಯೋಂನ ಹೆಸರಿನಲ್ಲಿ ತಾನೇ ಒಂದು ಪ್ರಾರ್ಥನಾಗೀತೆಯನ್ನು ಕಟ್ಟಿ ಹಾಡಿದನು. ಹಂಗೇರಿಯ ಜ್ಯೋರ್ಜ್ ಫಲುದಿ 1937ರಲ್ಲಿ ಪ್ರಕಟಿಸಿದ ರೂಪಾಂತರಗಳು ಬಹಳ ಜನಪ್ರಿಯವಾದವು. ಅವುಗಳಲ್ಲಿ ವಿಯೋಂಗಿಂತ ಫಲುದಿಯೇ ಹೆಚ್ಚೆಂಬ ಮಾತಿದೆ.

ಜರ್ಮನಿಯ ಪ್ರಸಂಗ ಕವಿಗೆ ಹಿಡಿಸುವಂಥದು. 1928ರಲ್ಲಿ ಪ್ರದರ್ಶಿತವಾದ ‘ತ್ರೀಪೆನ್ನಿ ಆಪೆರಾ’ದಲ್ಲಿ ಬರ್ಟೋಲ್ಟ್ ಬ್ರೆಕ್ಟ್ ಕೆಲವು ಹಾಡುಗಳಿಗೆ ವಿಯೋಂನನ್ನು ಬಳಸಿಕೊಂಡನು. ಸಾಲುಗಳು ಕೆ. ಎಲ್. ಅಮ್ಮರ್ ಎಂಬ ಹೆಸರಿನಲ್ಲಿ ಬರೆಯುತ್ತಿದ್ದ ಆಸ್ಟ್ರಿಯದ ಸೇನಾಧಿಕಾರಿಯ 1907ರ ಅನುವಾದದಿಂದ ಎತ್ತಿದವೆಂದು 1929ರಲ್ಲಿ ವಿಮರ್ಶಕ ಆಲ್ಫ್ರೆಡ್ ಕೆರ್ ಬಯಲಿಗೆಳೆದನು. ಸಾಹಿತ್ಯದ ಸ್ವಾಮ್ಯದ ವಿಷಯದಲ್ಲಿ ತಾನು ಮೊದಲಿನಿಂದಲೂ ಸಡಿಲನೆಂದು ಬ್ರೆಕ್ಟ್ ಉತ್ತರಿಸಿದನು. ಗದ್ದಲದ ಫಲವಾಗಿ ಅಮ್ಮರನ ಅನುವಾದ 1930ರಲ್ಲಿ ಮರುಮುದ್ರಣಗೊಂಡಿತು. ಅದಕ್ಕೆ ಬ್ರೆಕ್ಟನೇ ಮುನ್ನುಡಿಯಾಗಿ ಒಂದು ಸಾನೆಟ್ ಬರೆದನು.

ಇಂಗ್ಲಿಷಿನಲ್ಲಿ ವಿಯೋಂನ ಕೀರ್ತಿಗೆ ಕಾರಣನಾದವರಲ್ಲಿ ಡಾಂಟೆ ಗೇಬ್ರಿಯಲ್ ರೊಸೆಟ್ಟಿ ಮುಖ್ಯನು. ಸುಂದರಿಯರ ಬಲಾದಿನ ಪಲ್ಲವಿಯಲ್ಲಿ ‘ಕಳೆದ ವರ್ಷ’ ಎಂಬರ್ಥದ ಹಳೆಯ ಫ್ರೆಂಚ್ ಪದಕ್ಕೆ ಸರಿಹೊಂದುವ ಇಂಗ್ಲಿಷ್ ಪದ ಸಿಗದೆ ಆತ ‘ಯೆಸ್ಟರ್‌ಇಯರ್’ ಎಂಬ ಹೊಸ ಪದವನ್ನು ಟಂಕಿಸಿದನು. ಪದ ನಿಘಂಟನ್ನು ಸೇರಿತು. ಅದನ್ನು ಬಳಸುವವರಲ್ಲಿ ಹೆಚ್ಚಿನವರಿಗೆ ಅದರ ಹಿಂದೆ ವಿಯೋಂ ಇರುವುದು ತಿಳಿದಿರಲಾರದು. ಜೋಸೆಫ್ ಹೆಲ್ಲರನ ಯುದ್ಧ ಕಾದಂಬರಿ ‘ಕ್ಯಾಚ್-22’ರಲ್ಲಿ (1961) ನಾಯಕನು ವಿಮಾನದಲ್ಲಿ ಸತ್ತ ಸ್ನೋಡನ್ ಎಂಬ ಸೈನಿಕನ ಹೆಸರಿನ ಮೇಲೆ ಶ್ಲೇಷೆಯಾಡಿ, ಹಿಮವನ್ನು ಕುರಿತ ಅದೇ ಪ್ರಶ್ನೆಯನ್ನು ಸೇನಾಧಿಕಾರಿಗಳ ಮುಂದೆ ಕೇಳುತ್ತಾನೆ. ಅವರಿಂದಲೂ ಉತ್ತರ ಬರುವುದಿಲ್ಲ.